ಫೋಲ್ಡರುಗಳ ಹೋಲಿಕೆ ಮತ್ತು ಸಿಂಕ್

ಒಂದೇ ಕಡತಗಳ ಗುಂಪು ಎರಡು ಕಡೆ ಇದ್ದಾಗ ಎಲ್ಲೆಲ್ಲಿ ವ್ಯತ್ಯಾಸ ಬಂದಿದೆ ಎಂದು ತಾಳೆ ನೋಡುವ ಕೆಲಸ ಫೋಲ್ಡರ್ ಹೋಲಿಕೆ. ಹಾಗೆ ಕಂಡ ವ್ಯತ್ಯಾಸಗಳನ್ನು ನಕಲಿಸಿ, ಅಳಿಸಿ, ಹೆಸರು ಬದಲಿಸಿ ಸರಿದೂಗಿಸುವುದು ಸಿಂಕ್. ಎರಡು ಕಡೆ ಎಂದರೆ ಒಂದೇ ಡಿಸ್ಕಿನ ಎರಡು ಫೋಲ್ಡರುಗಳಿರಬಹುದು, ಮನೆಯ ಡೆಸ್ಕ್‌ಟಾಪ್ ಮತ್ತು ಲ್ಯಾಪ್‌ಟಾಪ್ ಇರಬಹುದು, ಕಂಪ್ಯೂಟರ್ ಮತ್ತು ಹೊರಗಿನಿಂದ ಚುಚ್ಚುವ ಹಾರ್ಡ್ ಡಿಸ್ಕ್ ಇರಬಹುದು. ಎರಡೂ ಕೆಲಸವನ್ನು ಸಾಮಾನ್ಯವಾಗಿ ಒಂದೇ ತಂತ್ರಾಂಶ ಮಾಡಿಕೊಡುತ್ತದೆ. ಆದರೂ ಅವುಗಳ ಸ್ವಭಾವ ಬೇರೆ. ಹೋಲಿಸಿ ನೋಡಿದರೆ ಯಾವ ಕಡತಕ್ಕೂ ಕೇಡಿಲ್ಲ. ಸಿಂಕ್‌ನಲ್ಲಿ ದಿಕ್ಕು ತಪ್ಪಿತೆಂದರೆ ಇಂದಿನ ಕಡತದ ಮೇಲೆ ಕಳೆದ ತಿಂಗಳದ್ದು ಬಂದು ಕೂರುತ್ತದೆ, ಕೇಳಿದರೂ ಹಿಂದಿರುಗುವುದಿಲ್ಲ. ಎರಡು ಕಡೆ ಬೇರೆಯಾಗಿವೆ ಎಂದು ಕಂಡುಹಿಡಿಯುವುದು ಯಂತ್ರಕ್ಕೆ ಸುಲಭ. ಅವುಗಳಲ್ಲಿ ಯಾವುದನ್ನು ಉಳಿಸಿಕೊಳ್ಳಬೇಕು ಎಂದು ತಿಳಿಯುವುದು ಕಷ್ಟ. ಈ ಕ್ಷೇತ್ರದ ಐವತ್ತು ವರ್ಷದ ಕೆಲಸದಲ್ಲಿ ಹೆಚ್ಚಿನ ಪಾಲು ಹೋಗಿರುವುದು ಈ ಎರಡನೆಯ ಪ್ರಶ್ನೆಗೆ.

ಹಿನ್ನೆಲೆ

ಕಂಪ್ಯೂಟರಿನಲ್ಲಿ ತಾಳೆ ನೋಡುವ ಸಲಕರಣೆ ಮೊದಲು ಹುಟ್ಟಿದ್ದು ಪ್ರೋಗ್ರಾಂ ಬರೆಯುವವರ ಅಗತ್ಯಕ್ಕೆ. ಅಮೆರಿಕದ ಬೆಲ್ ಲ್ಯಾಬ್ಸ್‌ನಲ್ಲಿ ಡಗ್ಲಸ್ ಮೆಕಿಲ್‌ರಾಯ್ ರೂಪಿಸಿದ ಡಿಫ್ ಎಂಬ ಆದೇಶ 1974ರಲ್ಲಿ ಯುನಿಕ್ಸ್‌ನ ಐದನೆಯ ಆವೃತ್ತಿಯೊಂದಿಗೆ ಹೊರಬಂತು. ಜೇಮ್ಸ್ ಹಂಟ್ ಜೊತೆ ಸೇರಿ ಅವರು 1976ರಲ್ಲಿ ಬರೆದ ವರದಿಯಲ್ಲಿ ಅದರ ಹಿಂದಿನ ಲೆಕ್ಕಾಚಾರವಿದೆ. ಎರಡು ಕಡತಗಳಲ್ಲೂ ಅದೇ ಅನುಕ್ರಮದಲ್ಲಿ ಬರುವ ಸಾಲುಗಳ ಅತಿ ಉದ್ದದ ಸರಣಿಯನ್ನು ಮೊದಲು ಹುಡುಕಬೇಕು. ಆ ಸರಣಿಗೆ ಸೇರದೆ ಉಳಿದ ಸಾಲುಗಳೇ ವ್ಯತ್ಯಾಸ. 1986ರಲ್ಲಿ ಯೂಜೀನ್ ಮೈಯರ್ಸ್ ಇದಕ್ಕಿಂತ ಚುರುಕಾದ ವಿಧಾನವೊಂದನ್ನು ಪ್ರಕಟಿಸಿದರು. ಇಂದು ಪ್ರೋಗ್ರಾಂಗಳ ಆವೃತ್ತಿಗಳನ್ನು ಕಾಪಿಡುವ ಗಿಟ್ ತಂತ್ರಾಂಶ ಬಳಸುವ ಪ್ರತಿಯೊಬ್ಬರೂ ತಿಳಿಯದೆಯೇ ಅದನ್ನು ಬಳಸುತ್ತಿದ್ದಾರೆ. ನಡುವೆ 1985ರಲ್ಲಿ ಲ್ಯಾರಿ ವಾಲ್ ಬರೆದ ಪ್ಯಾಚ್ ಬಂತು. ಇಡೀ ಕಡತವನ್ನು ಕಳಿಸದೆ ಡಿಫ್ ಕೊಟ್ಟ ವ್ಯತ್ಯಾಸವನ್ನಷ್ಟೇ ಕಳಿಸಿ, ಆಚೆ ಬದಿಯಲ್ಲಿ ಹೊಸ ಕಡತವನ್ನು ಕಟ್ಟಿಕೊಳ್ಳಲು ಅದು ದಾರಿ ಮಾಡಿತು. ಹೋಲಿಕೆಯ ಫಲಿತಾಂಶವನ್ನೇ ಸಿಂಕ್‌ಗೆ ಬಳಸುವ ಆಲೋಚನೆ ಅಲ್ಲಿಂದ ಚಾಲ್ತಿಗೆ ಬಂತೆನ್ನಬಹುದು.

ಸಾಮಾನ್ಯ ಬಳಕೆದಾರರ ಮೇಜಿಗೆ ಈ ಕೆಲಸ ಬಂದದ್ದು ಫ್ಲಾಪಿಯ ಕಾಲದಲ್ಲಿ. ಜಾನ್ ಸೋಚಾ ರೂಪಿಸಿ 1986ರಲ್ಲಿ ಮಾರುಕಟ್ಟೆಗೆ ಬಂದ ನಾರ್ಟನ್ ಕಮಾಂಡರ್, ಡಾಸ್‌ನ ಪರದೆಯನ್ನು ನಡುವೆ ಸೀಳಿ ಎಡಕ್ಕೊಂದು ಬಲಕ್ಕೊಂದು ಫೋಲ್ಡರ್ ತೋರಿಸುತ್ತಿತ್ತು. ಎರಡನ್ನೂ ಹೋಲಿಸು ಎಂದರೆ ಒಂದು ಕಡೆ ಮಾತ್ರ ಇರುವ, ಅಥವಾ ಹೊಸದಾಗಿರುವ ಕಡತಗಳಿಗೆ ಗುರುತು ಹಾಕುತ್ತಿತ್ತು. ಸ್ವಿಟ್ಜರ್‌ಲೆಂಡಿನ ಕ್ರಿಸ್ಟಿಯನ್ ಗಿಸ್ಲರ್ 1993ರಲ್ಲಿ ತಂದ ವಿಂಡೋಸ್ ಕಮಾಂಡರ್ ಅದೇ ಮಾದರಿಯದು, 2002ರಲ್ಲಿ ಅದರ ಹೆಸರು ಟೋಟಲ್ ಕಮಾಂಡರ್ ಎಂದಾಯಿತು. ಎಡ, ಬಲ, ನಡುವೆ ಬಾಣ: ಈ ವಿನ್ಯಾಸ ಇಂದಿನ ತಂತ್ರಾಂಶಗಳಲ್ಲೂ ಹಾಗೆಯೇ ಉಳಿದಿದೆ. 1996ರಲ್ಲಿ ಬಂದ ಬಿಯಾಂಡ್ ಕಂಪೇರ್ ಇದಕ್ಕೆ ಬಣ್ಣ ಸೇರಿಸಿತು. ಮೈಕ್ರೋಸಾಫ್ಟ್ ವಿಂಡೋಸ್ 95ರೊಂದಿಗೆ ಬ್ರೀಫ್‌ಕೇಸ್ ಎಂಬ ವಿಶೇಷ ಫೋಲ್ಡರ್ ಕೊಟ್ಟಿತ್ತು. ಕಚೇರಿಯ ಕಡತವನ್ನು ಅದರಲ್ಲಿ ಹಾಕಿಕೊಂಡು ಮನೆಯಲ್ಲಿ ತಿದ್ದಿ, ಮರುದಿನ ಬಂದು ಒಂದು ಕ್ಲಿಕ್‌ನಲ್ಲಿ ಮೂಲಕ್ಕೆ ಸೇರಿಸಬಹುದಿತ್ತು. ಅದನ್ನು ಬಳಸಿದವರಿಗಿಂತ ಡೆಸ್ಕ್‌ಟಾಪಿನ ಮೇಲೆ ನೋಡಿ ಸುಮ್ಮನೆ ಬಿಟ್ಟವರೇ ಹೆಚ್ಚು. ವಿಂಡೋಸ್ 8ರ ಹೊತ್ತಿಗೆ ಕಂಪನಿಯೇ ಅದರ ಕೈಬಿಟ್ಟಿತು.

ಎರಡು ಕಡತ ಒಂದೇ ಎನ್ನುವುದು ಹೇಗೆ

ಹೆಸರು, ಗಾತ್ರ, ಕೊನೆಯ ಸಲ ಬದಲಾದ ಸಮಯ ಈ ಮೂರೂ ಸರಿಹೊಂದಿದರೆ ಕಡತ ಒಂದೇ ಎಂದು ಬಹುತೇಕ ತಂತ್ರಾಂಶಗಳು ತೀರ್ಮಾನಿಸುತ್ತವೆ. ಕಡತವನ್ನು ತೆರೆಯುವ ಗೋಜಿಲ್ಲ, ಡಿಸ್ಕಿನಲ್ಲಿ ಕಡತಗಳ ಲೆಕ್ಕವಿಡುವ ಫೈಲ್ ಸಿಸ್ಟಮ್‌ನ ಪಟ್ಟಿಯನ್ನು ಓದಿದರೆ ಸಾಕು. ಆದ್ದರಿಂದ ಲಕ್ಷ ಕಡತಗಳಿದ್ದರೂ ಕೆಲಸ ಬೇಗ ಮುಗಿಯುತ್ತದೆ. ದಿನನಿತ್ಯದ ಬಳಕೆಗೆ ಇದು ಸಾಕು.

ಸಾಲದಾಗುವ ಸಂದರ್ಭಗಳೂ ಇವೆ. ಡಿಜಿಟಲ್ ಕ್ಯಾಮೆರಾಗಳು ಚಿತ್ರಗಳಿಗೆ ನಾಲ್ಕಂಕಿಯ ಕ್ರಮಸಂಖ್ಯೆ ಕೊಡುತ್ತವೆ. 9999 ಮುಗಿದ ಮೇಲೆ ಮತ್ತೆ 0001ರಿಂದ ಶುರು. ಮದುವೆ ಫೋಟೋ ತೆಗೆಯುವವರ ಡಿಸ್ಕಿನಲ್ಲಿ ಒಂದೇ ಹೆಸರಿನ, ಬೇರೆ ಬೇರೆ ಮದುವೆಯ ಚಿತ್ರಗಳು ಎಷ್ಟೋ ಸಿಗುತ್ತವೆ. ಹೆಸರನ್ನು ಮಾತ್ರ ನಂಬಿದರೆ ಒಬ್ಬರ ಮಾಂಗಲ್ಯಧಾರಣೆಯ ಮೇಲೆ ಇನ್ನೊಬ್ಬರ ಊಟದ ಪಂಕ್ತಿ ಬಂದು ಕೂರುತ್ತದೆ. ಇನ್ನು, ಡಿಸ್ಕ್ ಹಳತಾಗಿ ಕೆಲವು ಬೈಟ್‌ಗಳು ಕೆಟ್ಟರೆ ಗಾತ್ರವೂ ಸಮಯವೂ ಮೊದಲಿನಂತೆಯೇ ಉಳಿದಿರುತ್ತವೆ. ಆ ಕೇಡು ಪಟ್ಟಿಯಲ್ಲಿ ಕಾಣುವುದಿಲ್ಲ.

ಅಂಥಲ್ಲಿ ಒಳಗಿನದನ್ನೇ ಬೈಟ್ ಬೈಟ್ ಹೋಲಿಸಬೇಕು. ಇದರ ಬೆಲೆ ಸಮಯ. ಸೆಕೆಂಡಿಗೆ 100 ಎಂಬಿ ಓದುವ ಡಿಸ್ಕಿನಲ್ಲಿ 500 ಜಿಬಿ ಓದಿ ಮುಗಿಸಲು 5,000 ಸೆಕೆಂಡು, ಅಂದರೆ ಒಂದೂಕಾಲು ಗಂಟೆಗೂ ಹೆಚ್ಚು ಬೇಕು. ಎರಡು ಕಡೆಯೂ ಒಂದೇ ಕಂಪ್ಯೂಟರಿಗೆ ಅಂಟಿಕೊಂಡಿದ್ದರೆ ಇದು ನಡೆಯುತ್ತದೆ. ನಡುವೆ ನೆಟ್‌ವರ್ಕ್ ಇದ್ದರೆ, ಹೋಲಿಸುವುದಕ್ಕಾಗಿಯೇ ಇಡೀ ಕಡತವನ್ನು ತರಿಸಿಕೊಳ್ಳಬೇಕಾಗುತ್ತದೆ. ಅದಕ್ಕಿಂತ ನಕಲು ಮಾಡಿಬಿಡುವುದೇ ಲೇಸು.

ಆ ಪೇಚಿಗೆ ಪರಿಹಾರ ಹ್ಯಾಶ್. ಕಡತ ಎಷ್ಟೇ ದೊಡ್ಡದಿರಲಿ, ಅದರ ಎಲ್ಲ ಬೈಟ್‌ಗಳನ್ನೂ ಅರೆದು ಚಿಕ್ಕದೊಂದು ಸಂಖ್ಯೆ ತೆಗೆಯುವ ಲೆಕ್ಕ ಅದು. ಎಂಡಿ5 ಕೊಡುವುದು 128 ಬಿಟ್‌ಗಳ ಸಂಖ್ಯೆಯಾದರೆ, ಷಾ-256 ಕೊಡುವುದು 256 ಬಿಟ್‌ಗಳದ್ದು. ಎರಡು ಕಡೆಯೂ ತಮ್ಮ ತಮ್ಮ ಕಡತದ ಹ್ಯಾಶ್ ಲೆಕ್ಕ ಹಾಕಿ ಆ ಸಂಖ್ಯೆಯನ್ನಷ್ಟೇ ವಿನಿಮಯ ಮಾಡಿಕೊಂಡರೆ ಹೋಲಿಕೆ ಮುಗಿಯಿತು. 2017ರಲ್ಲಿ ಆಮ್‌ಸ್ಟರ್‌ಡ್ಯಾಮಿನ ಸಿಡಬ್ಲ್ಯೂಐ ಸಂಸ್ಥೆ ಮತ್ತು ಗೂಗಲ್‌ನ ಸಂಶೋಧಕರು ಷಾ-1 ಹ್ಯಾಶ್ ಒಂದೇ ಆಗಿರುವ ಎರಡು ಬೇರೆ ಬೇರೆ ಪಿಡಿಎಫ್ ಕಡತಗಳನ್ನು ಉದ್ದೇಶಪೂರ್ವಕವಾಗಿ ಸೃಷ್ಟಿಸಿ ತೋರಿಸಿದರು. ಭದ್ರತೆಯ ದೃಷ್ಟಿಯಿಂದ ಅದು ದೊಡ್ಡ ಸುದ್ದಿ. ಮನೆಯ ಕಡತಗಳನ್ನು ತಾಳೆ ನೋಡುವವರು ಅದರಿಂದ ನಿದ್ದೆಗೆಡಬೇಕಾಗಿಲ್ಲ. ಬೇರೆಯಾದ ಎರಡು ಕಡತಗಳ ಷಾ-256 ಆಕಸ್ಮಿಕವಾಗಿ ಒಂದಾಗುವ ಸಂಭವ ಲೆಕ್ಕಕ್ಕೆ ಸಿಗದಷ್ಟು ಕಡಿಮೆ.

ಇದರ ತದ್ವಿರುದ್ಧ ತೊಂದರೆಯೂ ಉಂಟು. ಓದುವವರಿಗೆ ಒಂದೇ ಆದದ್ದು ಬೈಟ್‌ಗಳ ಲೆಕ್ಕದಲ್ಲಿ ಬೇರೆಯಾಗಿರುತ್ತದೆ. ವರ್ಡ್ ಕಡತವೊಂದನ್ನು ತೆರೆದು, ಒಂದಕ್ಷರವನ್ನೂ ಮುಟ್ಟದೆ ಮತ್ತೆ ಉಳಿಸಿದರೂ ಒಳಗಿನ ದಿನಾಂಕ ಮೊದಲಾದ ವಿವರಗಳು ಬದಲಾಗಿ, ಕಡತ ಬೇರೆಯೆಂದೇ ಕಾಣುತ್ತದೆ. ನುಡಿ, ಬರಹ ತಂತ್ರಾಂಶಗಳ ಹಳೆಯ ಫಾಂಟ್‌ಗಳಲ್ಲಿ ಬೆರಳಚ್ಚಿಸಿದ ಕನ್ನಡ ಲೇಖನವನ್ನು ಯುನಿಕೋಡ್‌ಗೆ ಪರಿವರ್ತಿಸಿ ಎರಡನ್ನೂ ಹೋಲಿಸಿದರೆ, ಹೊಂದುವ ಕನ್ನಡದ ಸಾಲು ಒಂದೂ ಸಿಗುವುದಿಲ್ಲ. ಆ ಫಾಂಟ್‌ಗಳಲ್ಲಿ ಕನ್ನಡ ಲಿಪಿಯ ಆಕಾರಗಳನ್ನು ಇಂಗ್ಲಿಷ್ ಅಕ್ಷರಗಳ ಸಂಕೇತಗಳಲ್ಲಿ ಕೂರಿಸಲಾಗಿತ್ತು. ಕಣ್ಣಿಗೆ ಕಾಣುವುದು ಅದೇ ಲೇಖನ, ಡಿಸ್ಕಿನಲ್ಲಿರುವುದು ಪೂರ್ತಿ ಬೇರೆ ಸರಕು.

ಗಡಿಯಾರದ ತಕರಾರು

ಬದಲಾದ ಸಮಯವನ್ನು ನೆಚ್ಚಿಕೊಂಡ ಹೋಲಿಕೆ ಎಡವುವುದು ಹೆಚ್ಚಾಗಿ ಪೆನ್‌ಡ್ರೈವ್ ಮುಂದೆ. ಹಳೆಯ ಪೆನ್‌ಡ್ರೈವ್‌ಗಳಲ್ಲಿ ಸಾಮಾನ್ಯವಾಗಿರುವ ಫ್ಯಾಟ್ ಫೈಲ್ ಸಿಸ್ಟಮ್‌ನಲ್ಲಿ ಸಮಯಕ್ಕೆ ಮೀಸಲಿಟ್ಟದ್ದು 16 ಬಿಟ್. ಗಂಟೆಗೆ 5, ನಿಮಿಷಕ್ಕೆ 6 ಹೋದ ಮೇಲೆ ಸೆಕೆಂಡಿಗೆ ಉಳಿಯುವುದು 5 ಬಿಟ್. ಐದು ಬಿಟ್‌ಗಳಲ್ಲಿ ಬರೆಯಬಹುದಾದ ಬೆಲೆಗಳು 32 ಮಾತ್ರ. ಅರವತ್ತು ಸೆಕೆಂಡುಗಳು ಅಲ್ಲಿ ಹಿಡಿಸುವುದಿಲ್ಲವೆಂದು ಎರಡೆರಡು ಸೆಕೆಂಡಿಗೊಂದು ಗುರುತು ಮಾಡಿದರು. ವಿಂಡೋಸ್‌ನ ಎನ್‌ಟಿಎಫ್‌ಎಸ್ ಇದೇ ಸಮಯವನ್ನು ಸೆಕೆಂಡಿನ ಕೋಟಿಯಲ್ಲೊಂದು ಭಾಗದವರೆಗೆ ಬರೆದಿಡುತ್ತದೆ. ಹೀಗಾಗಿ ಕಂಪ್ಯೂಟರಿನಿಂದ ಪೆನ್‌ಡ್ರೈವ್‌ಗೆ ನಕಲಿಸಿದ ಕಡತವನ್ನು ಆ ಕ್ಷಣವೇ ಹೋಲಿಸಿದರೂ ಸಮಯ ಸರಿಹೊಂದುವುದಿಲ್ಲ. ಒಳ್ಳೆಯ ತಂತ್ರಾಂಶಗಳು ಎರಡು ಸೆಕೆಂಡಿನ ಅಂತರವನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ವಿಂಡೋಸ್ ಜೊತೆಗೇ ಬರುವ ರೋಬೊಕಾಪಿಯಲ್ಲಿ ಇದಕ್ಕೆಂದೇ ಎಫ್‌ಎಫ್‌ಟಿ ಎಂಬ ಆಯ್ಕೆಯಿದೆ.

ಇದಕ್ಕಿಂತ ದೊಡ್ಡ ತೊಡಕು, ಫ್ಯಾಟ್ ಬರೆದಿಡುವುದು ಸ್ಥಳೀಯ ಸಮಯವನ್ನು ಎಂಬುದು. ಎನ್‌ಟಿಎಫ್‌ಎಸ್ ಜಾಗತಿಕ ಸಮಯವನ್ನು ಬರೆದಿಟ್ಟು ತೋರಿಸುವಾಗ ಸ್ಥಳೀಯಕ್ಕೆ ಬದಲಿಸುತ್ತದೆ. ಬೆಂಗಳೂರಿನಲ್ಲಿ ಮಧ್ಯಾಹ್ನ 2 ಗಂಟೆಗೆ ಉಳಿಸಿದ ಕಡತವೊಂದು ಲ್ಯಾಪ್‌ಟಾಪ್‌ನಲ್ಲೂ ಪೆನ್‌ಡ್ರೈವ್‌ನಲ್ಲೂ ಇದೆ ಎನ್ನೋಣ. ಚಳಿಗಾಲದಲ್ಲಿ ಲಂಡನ್ನಿಗೆ ಹೋಗಿ ಗಡಿಯಾರವನ್ನು ಅಲ್ಲಿಗೆ ಹೊಂದಿಸಿದರೆ ಲ್ಯಾಪ್‌ಟಾಪ್‌ನ ಪ್ರತಿ ಬೆಳಿಗ್ಗೆ 8.30 ಎನ್ನುತ್ತದೆ, ಪೆನ್‌ಡ್ರೈವ್‌ನದು ಇನ್ನೂ 2 ಗಂಟೆಯೆಂದೇ ಹೇಳುತ್ತದೆ. ಐದೂವರೆ ಗಂಟೆ ಹೊಸದಾಗಿ ಕಾಣುವ ಆ ಪ್ರತಿಯ ಎದುರು, ಲ್ಯಾಪ್‌ಟಾಪ್‌ನಲ್ಲಿ ಮೂರು ಗಂಟೆ ತಡವಾಗಿ ತಿದ್ದಿದ ಪ್ರತಿಯೂ ಹಳೆಯದಾಗಿಬಿಡುತ್ತದೆ. ಅಮೆರಿಕದಲ್ಲಿರುವ ಕನ್ನಡಿಗರಿಗೆ ಮಾರ್ಚಿನಲ್ಲಿ ಮುಂದಕ್ಕೆ, ನವೆಂಬರಿನಲ್ಲಿ ಹಿಂದಕ್ಕೆ ಗಡಿಯಾರ ತಿರುಗಿಸುವ ಕಾಟವೂ ಸೇರಿಕೊಳ್ಳುತ್ತದೆ. ಸಾವಿರಾರು ಕಡತಗಳು ಸರಿಯಾಗಿ ಒಂದು ಗಂಟೆ ಆಚೀಚೆಯಾಗಿ ಕಂಡರೆ ಕಾರಣ ಇದೇ ಇರುತ್ತದೆ. ಫ್ಯಾಟ್‌ನ ಹೊಸ ರೂಪವಾದ ಎಕ್ಸ್‌ಫ್ಯಾಟ್ ಸಮಯದ ಜೊತೆಗೆ ವಲಯದ ಅಂತರವನ್ನೂ ಬರೆದಿಡುವುದರಿಂದ ಅಲ್ಲಿ ಈ ಗೋಳು ಕಡಿಮೆ.

ಹೆಸರಿನ ತಕರಾರು

ಲಿನಕ್ಸ್‌ಗೆ ಇಂಗ್ಲಿಷಿನ ದೊಡ್ಡಕ್ಷರ ಚಿಕ್ಕಕ್ಷರಗಳು ಬೇರೆ ಬೇರೆ, ವಿಂಡೋಸ್‌ಗೂ ಮ್ಯಾಕ್‌ಗೂ ಸಾಮಾನ್ಯವಾಗಿ ಒಂದೇ. ಲಿನಕ್ಸ್‌ನಲ್ಲಿ ನೆಮ್ಮದಿಯಾಗಿದ್ದ ಎರಡು ಕಡತಗಳು ವಿಂಡೋಸ್‌ಗೆ ಬಂದು ಒಂದರ ಮೇಲೊಂದು ಬೀಳುತ್ತವೆ. ಪ್ರಶ್ನಾರ್ಥಕ ಚಿಹ್ನೆ, ವಿವರಣ ಚಿಹ್ನೆಗಳನ್ನು ವಿಂಡೋಸ್ ಹೆಸರಿನಲ್ಲಿ ಸೇರಿಸಿಕೊಳ್ಳುವುದಿಲ್ಲ. ಪೂರ್ಣ ದಾರಿ 260 ಅಕ್ಷರ ಮೀರಿದರೆ ಅಲ್ಲಿನ ಎಷ್ಟೋ ತಂತ್ರಾಂಶಗಳು ಕೈಚೆಲ್ಲುತ್ತವೆ.

ಕನ್ನಡಕ್ಕೆ ದೊಡ್ಡಕ್ಷರ ಚಿಕ್ಕಕ್ಷರಗಳ ಕಾಟವಿಲ್ಲ. ಬದಲಿಗೆ ಬೇರೆ ಎರಡು ಕಾಟಗಳಿವೆ. ಫೋಲ್ಡರಿಗೆ ‘ಫೋಟೋ’ ಎಂದು ಹೆಸರಿಟ್ಟರೆ ಯುನಿಕೋಡ್‌ನಲ್ಲಿ ಅದು ನಾಲ್ಕು ಸಂಕೇತ: ಫ, ಓತ್ವ, ಟ, ಮತ್ತೊಂದು ಓತ್ವ. ಆದರೆ ಓತ್ವವನ್ನು ಎತ್ವ, ಊತ್ವದ ಕೊಂಬು, ದೀರ್ಘದ ಗುರುತು ಎಂದು ಮೂರು ತುಂಡಾಗಿಯೂ ಬರೆಯಲು ಯುನಿಕೋಡ್ ಅವಕಾಶ ಕೊಟ್ಟಿದೆ. ಹಾಗೆ ಬಿಡಿಸಿದರೆ ಅದೇ ಹೆಸರಿಗೆ ಎಂಟು ಸಂಕೇತ ಬೇಕು. ಯುಟಿಎಫ್-8ರಲ್ಲಿ ಮೊದಲನೆಯದು 12 ಬೈಟ್, ಎರಡನೆಯದು 24 ಬೈಟ್. ಪರದೆಯ ಮೇಲೆ ಎರಡಕ್ಕೂ ವ್ಯತ್ಯಾಸವಿಲ್ಲ. ಆಪಲ್‌ನ ಹಳೆಯ ಫೈಲ್ ಸಿಸ್ಟಮ್ ಎಚ್‌ಎಫ್‌ಎಸ್ ಪ್ಲಸ್ ಹೆಸರುಗಳನ್ನು ಬಿಡಿಸಿಯೇ ಇಡುತ್ತಿತ್ತು. ವಿಂಡೋಸ್ ಮತ್ತು ಲಿನಕ್ಸ್ ಬೆರಳಚ್ಚಿಸಿದಂತೆ ಇಟ್ಟುಕೊಳ್ಳುತ್ತವೆ. ಹಳೆಯ ಮ್ಯಾಕ್‌ನಿಂದ ಲಿನಕ್ಸ್‌ಗೆ ಒಮ್ಮೆ ನಕಲಿಸಿ, ವಿಂಡೋಸ್‌ನಿಂದ ಇನ್ನೊಮ್ಮೆ ನಕಲಿಸಿದರೆ ‘ಫೋಟೋ’ ಎಂಬ ಹೆಸರಿನ ಎರಡು ಫೋಲ್ಡರುಗಳು ಪಕ್ಕಪಕ್ಕದಲ್ಲಿ ಕೂರುತ್ತವೆ. ಈ, ಏ, ಐ, ಒ, ಓ ಸ್ವರಗಳ ಚಿಹ್ನೆಯಿರುವ ಯಾವ ಕನ್ನಡ ಹೆಸರಿಗೂ ಈ ಗತಿ ಬರಬಹುದು. ಮುಂದೆ ಹೇಳಲಿರುವ ಆರ್‌ಸಿಂಕ್ ತಂತ್ರಾಂಶದಲ್ಲಿ ಹೆಸರಿನ ರೂಪ ಬದಲಿಸಿಕೊಳ್ಳುವ ಆಯ್ಕೆಯಿದೆ. 2017ರಲ್ಲಿ ಬಂದ ಆಪಲ್‌ನ ಎಪಿಎಫ್‌ಎಸ್ ಕೊಟ್ಟ ಹೆಸರನ್ನು ಕೊಟ್ಟಂತೆಯೇ ಇಟ್ಟುಕೊಳ್ಳುತ್ತದೆ.

ಎರಡನೆಯದು ಕಣ್ಣಿಗೇ ಬೀಳದ ಅಕ್ಷರ. ಅರ್ಧಾಕ್ಷರದ ಮುಂದಿನ ವ್ಯಂಜನ ಒತ್ತಾಗದಂತೆ ತಡೆಯಲು ಕನ್ನಡ ಬೆರಳಚ್ಚಿನಲ್ಲಿ ಅಗಲವಿಲ್ಲದ ಒಂದು ಸಂಕೇತ ಹಾಕುತ್ತೇವೆ. ‘ಬಿಲ್‌ಗಳು’ ಎಂದು ಬರೆದು ಆಮೇಲೆ ‘ಗಳು’ ಅಳಿಸಿದರೆ ಆ ಸಂಕೇತ ಬಾಲದಂತೆ ಉಳಿದುಬಿಡುತ್ತದೆ. ಹಾಗೆ ಹುಟ್ಟಿದ ‘ಬಿಲ್’ ಮತ್ತು ನೇರವಾಗಿ ಬೆರಳಚ್ಚಿಸಿದ ‘ಬಿಲ್’ ಬಹುತೇಕ ಫೈಲ್ ಸಿಸ್ಟಮ್‌ಗಳಿಗೆ ಒಂದಲ್ಲ. ಇದನ್ನು ತಾನಾಗಿ ಸರಿಪಡಿಸುವ ಸಿಂಕ್ ತಂತ್ರಾಂಶವನ್ನು ನೆಚ್ಚಿಕೊಳ್ಳುವ ಬದಲು, ಜೋಡಿ ಫೋಲ್ಡರ್ ಕಂಡಕೂಡಲೇ ಒಂದರ ಹೆಸರನ್ನು ಪೂರ್ತಿ ಅಳಿಸಿ ಹೊಸದಾಗಿ ಬರೆಯುವುದೇ ಜಾಣತನ.

ಯಾವ ದಿಕ್ಕಿಗೆ

ಎಡಗಡೆ ಒಂದು ಕಡತವಿದೆ, ಬಲಗಡೆ ಇಲ್ಲ. ಇದಕ್ಕೆ ಎರಡು ಅರ್ಥ ಸಾಧ್ಯ. ಎಡಗಡೆ ಹೊಸದಾಗಿ ಸೇರಿಸಿರಬಹುದು, ಆಗ ಬಲಕ್ಕೆ ನಕಲಿಸಬೇಕು. ಬಲಗಡೆ ಬೇಡವೆಂದು ಅಳಿಸಿರಬಹುದು, ಆಗ ಎಡಗಡೆಯೂ ಅಳಿಸಬೇಕು. ಮಾಡಬೇಕಾದ ಕೆಲಸಗಳು ಒಂದಕ್ಕೊಂದು ವಿರುದ್ಧ, ಆದರೆ ಈ ಕ್ಷಣದ ಎರಡು ಫೋಲ್ಡರುಗಳನ್ನು ಎಷ್ಟು ದಿಟ್ಟಿಸಿದರೂ ಯಾವುದು ನಿಜವೆಂದು ತಿಳಿಯುವುದಿಲ್ಲ. ಗಾತ್ರ, ಸಮಯ, ಹ್ಯಾಶ್ ಯಾವುದೂ ನೆರವಿಗೆ ಬರುವುದಿಲ್ಲ. ಕಳೆದ ಸಲ ಸಿಂಕ್ ಮಾಡಿದಾಗ ಆ ಕಡತ ಇತ್ತೇ ಎಂಬುದೊಂದೇ ಸಾಕ್ಷಿ.

ಆದ್ದರಿಂದ ಎರಡು ಕಡೆಯ ಸಿಂಕ್‌ಗೆ ನೆನಪು ಬೇಕು. ಇದನ್ನು ಶಾಸ್ತ್ರೀಯವಾಗಿ ವಿವರಿಸಿದವರು ಎಸ್. ಬಾಲಸುಬ್ರಮಣ್ಯಂ ಮತ್ತು ಪೆನ್ಸಿಲ್ವೇನಿಯಾ ವಿಶ್ವವಿದ್ಯಾನಿಲಯದ ಬೆಂಜಮಿನ್ ಪಿಯರ್ಸ್. 1998ರ ತಮ್ಮ ಪ್ರಬಂಧದಲ್ಲಿ ಅವರು ಸಿಂಕ್ ಅನ್ನು ಎರಡು ಹಂತವಾಗಿ ಬೇರ್ಪಡಿಸಿದರು. ಮೊದಲು, ಹಿಂದಿನ ಸಲದಿಂದ ಈಚೆಗೆ ಪ್ರತಿಯೊಂದು ಕಡೆಯಲ್ಲೂ ಏನು ಬದಲಾಗಿದೆ ಎಂದು ಬೇರೆ ಬೇರೆಯಾಗಿ ಕಂಡುಕೊಳ್ಳಬೇಕು. ಆಮೇಲೆ ಎರಡು ಪಟ್ಟಿಗಳನ್ನು ಹೊಂದಿಸಬೇಕು. ಒಂದೇ ಕಡೆ ಬದಲಾದದ್ದನ್ನು ಇನ್ನೊಂದು ಕಡೆಗೆ ಸಾಗಿಸಬಹುದು. ಎರಡು ಕಡೆಯೂ ಬೇರೆ ಬೇರೆಯಾಗಿ ಬದಲಾಗಿದ್ದರೆ ಅದು ಸಂಘರ್ಷ, ಅದನ್ನು ಮುಟ್ಟದೆ ಬಳಕೆದಾರರ ಮುಂದಿಡಬೇಕು. ಪಿಯರ್ಸ್ ಮತ್ತು ಸಂಗಡಿಗರು ಕಟ್ಟಿದ ಯೂನಿಸನ್ ತಂತ್ರಾಂಶ ಈ ತತ್ವದ ಮೇಲೆ ನಡೆಯುತ್ತದೆ. ಪ್ರತಿ ಸಿಂಕ್ ಮುಗಿದಾಗ ಎರಡೂ ಯಂತ್ರಗಳಲ್ಲಿ ಆ ಹೊತ್ತಿನ ಸ್ಥಿತಿಯನ್ನು ಅದು ಬರೆದಿಡುತ್ತದೆ. ಫ್ರೀಫೈಲ್‌ಸಿಂಕ್ ಎಂಬ ತಂತ್ರಾಂಶ ಕೂಡ ಎರಡೂ ಫೋಲ್ಡರುಗಳಲ್ಲಿ ಚಿಕ್ಕದೊಂದು ದಾಖಲೆ ಕಡತ ಬಿಡುತ್ತದೆ. ಅದೇನೋ ಕಸವೆಂದು ಅಳಿಸಿಬಿಡುವವರಿದ್ದಾರೆ. ಅಳಿಸಿದರೆ ಕಡತಗಳಿಗೆ ಏನೂ ಆಗುವುದಿಲ್ಲ, ಆದರೆ ತಂತ್ರಾಂಶದ ನೆನಪು ಹೋಗಿ, ಬೇಡವೆಂದು ತೆಗೆದ ಕಡತಗಳೆಲ್ಲ ಮುಂದಿನ ಸಿಂಕ್‌ನಲ್ಲಿ ಮತ್ತೆ ಎದ್ದು ಬರುತ್ತವೆ.

ಹೆಸರು ಬದಲಾವಣೆಯೂ ಇಂಥದ್ದೇ. ನಲವತ್ತು ಜಿಬಿ ಚಿತ್ರಗಳಿರುವ ಫೋಲ್ಡರಿನ ಹೆಸರು ತಿದ್ದಿದರೆ, ನೆನಪಿಲ್ಲದ ತಂತ್ರಾಂಶಕ್ಕೆ ಹಳೆಯ ಫೋಲ್ಡರ್ ಅಳಿದಂತೆಯೂ ಹೊಸದೊಂದು ಹುಟ್ಟಿದಂತೆಯೂ ಕಾಣುತ್ತದೆ. ನಲವತ್ತು ಜಿಬಿಯನ್ನೂ ಮತ್ತೆ ನಕಲಿಸಲು ಹೊರಡುತ್ತದೆ. ಫೈಲ್ ಸಿಸ್ಟಮ್ ಪ್ರತಿ ಕಡತಕ್ಕೂ ಕೊಡುವ ಒಳಗಿನ ಸಂಖ್ಯೆಯನ್ನು ನೆನಪಿಟ್ಟುಕೊಂಡ ತಂತ್ರಾಂಶ ಇದನ್ನು ಗುರುತಿಸಿ ಹೆಸರನ್ನಷ್ಟೇ ಬದಲಿಸುತ್ತದೆ.

ಸಂಘರ್ಷ ಬಂದಾಗ ಹೊಸದನ್ನು ಉಳಿಸು ಎನ್ನುವ ನಿಯಮ ಸರಳವಾಗಿ ಕಾಣುತ್ತದೆ, ಹಾಗೆಯೇ ಅಪಾಯಕಾರಿ. ಬೆಳಿಗ್ಗೆ ಒಬ್ಬರು ಹತ್ತು ಪುಟ ಸೇರಿಸಿ, ಸಂಜೆ ಇನ್ನೊಬ್ಬರು ಇನ್ನೊಂದು ಪ್ರತಿಯಲ್ಲಿ ಒಂದು ಅಲ್ಪವಿರಾಮ ತಿದ್ದಿದರೆ ಗೆಲ್ಲುವುದು ಅಲ್ಪವಿರಾಮ. ಹಿನ್ನೆಲೆಯಲ್ಲಿ ತಾನಾಗಿ ಸಿಂಕ್ ಮಾಡುವ ಡ್ರಾಪ್‌ಬಾಕ್ಸ್, ಸಿಂಕ್‌ಥಿಂಗ್‌ನಂಥವು ಇದಕ್ಕಿಂತ ವಿವೇಕದಿಂದ ನಡೆದುಕೊಳ್ಳುತ್ತವೆ. ಒಂದು ಪ್ರತಿಯನ್ನು ಮೂಲ ಹೆಸರಿನಲ್ಲಿಟ್ಟು, ಇನ್ನೊಂದಕ್ಕೆ ಸಂಘರ್ಷವೆಂಬ ಬಾಲ ಅಂಟಿಸಿ ಪಕ್ಕದಲ್ಲೇ ಇಡುತ್ತವೆ. ಪಠ್ಯದ ಕಡತವಾದರೆ ಮೂಲ, ಎಡ, ಬಲ ಮೂರನ್ನೂ ಹೋಲಿಸಿ ಬೆಸೆಯುವ ಮೆಲ್ಡ್, ಕೆಡಿಫ್3 ಸಲಕರಣೆಗಳಿವೆ. ಎಕ್ಸೆಲ್ ಪಟ್ಟಿಗೂ ಚಿತ್ರಕ್ಕೂ ಆ ಭಾಗ್ಯವಿಲ್ಲ, ಕೂತು ನೋಡಬೇಕು.

ಒಂದೇ ದಿಕ್ಕಿನ ಸಿಂಕ್‌ನಲ್ಲಿ ಈ ಯಾವ ತಲೆನೋವೂ ಇಲ್ಲ. ಎಡ ಹೇಗಿದೆಯೋ ಬಲ ಹಾಗೇ ಆಗಬೇಕು, ಅಷ್ಟೆ. ಇದನ್ನು ಮಿರರ್ ಎನ್ನುತ್ತಾರೆ. ಬಲಗಡೆ ಹೆಚ್ಚಾಗಿರುವುದನ್ನು ಅಳಿಸದೆ ಹೊಸದನ್ನು ಮಾತ್ರ ಸೇರಿಸುವ ಬಗೆ ಅಪ್‌ಡೇಟ್. ಹೊರಗಿನ ಡಿಸ್ಕಿಗೆ ನಕಲು ಇಟ್ಟುಕೊಳ್ಳುವ ಹೆಚ್ಚಿನ ಜನರಿಗೆ ಬೇಕಿರುವುದು ಈ ಎರಡರಲ್ಲೊಂದು. ಎರಡು ದಿಕ್ಕಿನ ಸಿಂಕ್ ಆಧುನಿಕವೆಂಬ ಮೋಹಕ್ಕೆ ಅದನ್ನು ಆರಿಸಿಕೊಂಡು ಪೇಚಿಗೆ ಸಿಕ್ಕುವುದು ಅನವಶ್ಯಕ. ಮಿರರ್‌ನಲ್ಲೂ ಒಂದು ಗಂಡಾಂತರವಿದೆ. ಮೂಲ ಯಾವುದು, ಗುರಿ ಯಾವುದು ಎಂಬುದು ಅದಲುಬದಲಾದರೆ, ಹೊಸದಾಗಿ ಕೊಂಡ ಖಾಲಿ ಡಿಸ್ಕಿನಂತೆಯೇ ತುಂಬಿದ ಡಿಸ್ಕೂ ಆಗಿಬಿಡುತ್ತದೆ.

ಆರ್‌ಸಿಂಕ್ ಮಾಡಿದ ಚಮತ್ಕಾರ

ಆಸ್ಟ್ರೇಲಿಯಾದ ಆಂಡ್ರ್ಯೂ ಟ್ರಿಡ್ಜೆಲ್ ಮತ್ತು ಪಾಲ್ ಮ್ಯಾಕೆರಾಸ್ 1996ರ ಜೂನ್‌ನಲ್ಲಿ ಆರ್‌ಸಿಂಕ್ ಅನ್ನು ಬಿಡುಗಡೆ ಮಾಡಿದರು. ಅದರ ವಿಧಾನ ಟ್ರಿಡ್ಜೆಲ್ ಅವರು ಕ್ಯಾನ್‌ಬೆರಾದ ಆಸ್ಟ್ರೇಲಿಯನ್ ನ್ಯಾಷನಲ್ ಯೂನಿವರ್ಸಿಟಿಗೆ 1999ರಲ್ಲಿ ಸಲ್ಲಿಸಿದ ಪಿಎಚ್‌.ಡಿ. ಪ್ರಬಂಧದ ಮುಖ್ಯ ಭಾಗವೂ ಆಯಿತು. ನಿಧಾನಗತಿಯ ಮೋಡೆಮ್‌ಗಳ ಆ ಕಾಲದಲ್ಲಿ ಅವರು ಬಿಡಿಸಹೊರಟ ಸಮಸ್ಯೆ ಇದು: ದೊಡ್ಡ ಕಡತದ ಹಳೆಯ ಪ್ರತಿ ಅಲ್ಲಿದೆ, ಹೊಸ ಪ್ರತಿ ಇಲ್ಲಿದೆ. ಎರಡೂ ಒಂದೇ ಯಂತ್ರದಲ್ಲಿ ಇಲ್ಲದಿರುವುದರಿಂದ ಡಿಫ್ ಓಡಿಸುವಂತಿಲ್ಲ. ಬದಲಾದ ಭಾಗವನ್ನು ಮಾತ್ರ ಕಳಿಸುವುದು ಹೇಗೆ?

ಹಳೆಯ ಪ್ರತಿಯಿರುವ ಯಂತ್ರ ತನ್ನ ಕಡತವನ್ನು ಸಮನಾದ ತುಂಡುಗಳಾಗಿ ಕತ್ತರಿಸುತ್ತದೆ. ತುಂಡಿನ ಅಳತೆ ಸುಮಾರಾಗಿ ಕಡತದ ಗಾತ್ರದ ವರ್ಗಮೂಲ, ಅಂದರೆ 1 ಜಿಬಿ ಕಡತಕ್ಕೆ 32 ಸಾವಿರ ಬೈಟ್‌ನ 32 ಸಾವಿರ ತುಂಡುಗಳು. ಪ್ರತಿ ತುಂಡಿಗೂ ಎರಡು ಗುರುತುಗಳನ್ನು ಲೆಕ್ಕ ಹಾಕುತ್ತದೆ. ಒಂದು ಸುಲಭದ 32 ಬಿಟ್ ಚೆಕ್‌ಸಮ್, ಇನ್ನೊಂದು ಭದ್ರವಾದ ಹ್ಯಾಶ್. ಈ ಪಟ್ಟಿಯನ್ನು ಹೊಸ ಪ್ರತಿಯಿರುವ ಯಂತ್ರಕ್ಕೆ ಕಳಿಸುತ್ತದೆ. ಅದು ತನ್ನ ಕಡತದಲ್ಲಿ ಅದೇ ತುಂಡುಗಳು ಎಲ್ಲಾದರೂ ಇವೆಯೇ ಎಂದು ಹುಡುಕಬೇಕು. ‘ಎಲ್ಲಾದರೂ’ ಎಂಬಲ್ಲೇ ಕಷ್ಟವಿರುವುದು. ಕಡತದ ಆರಂಭದಲ್ಲಿ ಒಂದೇ ಒಂದು ಬೈಟ್ ಸೇರಿಸಿದರೂ ಮುಂದಿನದೆಲ್ಲ ಒಂದು ಹೆಜ್ಜೆ ಸರಿದು, ತುಂಡುಗಳ ಗಡಿಗಳು ಹೊಂದುವುದೇ ಇಲ್ಲ. ಪ್ರತಿ ಬೈಟ್‌ನಿಂದಲೂ ಶುರುಮಾಡಿ ಒಂದೊಂದು ತುಂಡನ್ನು ಪರೀಕ್ಷಿಸಬೇಕಾಗುತ್ತದೆ. ಇಲ್ಲಿ ಸುಲಭದ ಚೆಕ್‌ಸಮ್ ಕೆಲಸಕ್ಕೆ ಬರುತ್ತದೆ. ಒಂದು ಬೈಟ್ ಮುಂದೆ ಸರಿದಾಗ ಅದನ್ನು ಮೊದಲಿನಿಂದ ಲೆಕ್ಕ ಹಾಕಬೇಕಿಲ್ಲ, ಹೊರಹೋದ ಬೈಟನ್ನು ಕಳೆದು ಒಳಬಂದದ್ದನ್ನು ಕೂಡಿದರೆ ಸಾಕು. ಅದು ಹೊಂದಿದಾಗ ಮಾತ್ರ ಭದ್ರವಾದ ಹ್ಯಾಶ್‌ನಿಂದ ಖಚಿತಪಡಿಸಿಕೊಳ್ಳುತ್ತದೆ. ಕೊನೆಗೆ ತಂತಿಯ ಮೇಲೆ ಹೋಗುವುದು, ಸಿಕ್ಕ ತುಂಡುಗಳ ಸಂಖ್ಯೆಗಳು ಮತ್ತು ಸಿಗದ ಬೈಟ್‌ಗಳು ಮಾತ್ರ.

ಇಷ್ಟೆಲ್ಲ ಇದ್ದೂ, ಒಂದೇ ಕಂಪ್ಯೂಟರಿನ ಎರಡು ಡಿಸ್ಕುಗಳ ನಡುವೆ ಆರ್‌ಸಿಂಕ್ ಈ ಚಮತ್ಕಾರವನ್ನು ಬಳಸುವುದೇ ಇಲ್ಲ. ಅಲ್ಲಿ ಹುಡುಕುವುದಕ್ಕಿಂತ ಪೂರ್ತಿ ನಕಲಿಸುವುದೇ ಬೇಗ ಎಂದು ಅದಕ್ಕೆ ಗೊತ್ತು. ಗಾತ್ರ, ಸಮಯ ಹೊಂದಿದ ಕಡತಗಳನ್ನು ಬಿಟ್ಟು ಉಳಿದವನ್ನು ನಕಲಿಸುತ್ತದೆ. ನಕಲನ್ನು ಮೊದಲು ತಾತ್ಕಾಲಿಕ ಹೆಸರಿನಲ್ಲಿ ಬರೆದು, ಪೂರ್ತಿಯಾದ ಮೇಲೆ ಹೆಸರು ಬದಲಿಸುವುದು ಅದರ ಇನ್ನೊಂದು ಒಳ್ಳೆಯ ಗುಣ. ನಡುವೆ ಕರೆಂಟ್ ಹೋದರೂ ಅರೆಬರೆ ಕಡತ ಹಳೆಯದರ ಜಾಗದಲ್ಲಿ ಕೂರುವುದಿಲ್ಲ. ಕಲಿಯುವವರನ್ನು ಕಾಡುವುದು ಅದರ ಓರೆಗೆರೆ. ಮೂಲ ಫೋಲ್ಡರಿನ ಹೆಸರಿನ ಕೊನೆಗೆ ಓರೆಗೆರೆ ಇದ್ದರೆ ಒಳಗಿನದು ಮಾತ್ರ ಹೋಗುತ್ತದೆ, ಇಲ್ಲದಿದ್ದರೆ ಫೋಲ್ಡರೇ ಹೋಗಿ ಗುರಿಯೊಳಗೆ ಕೂರುತ್ತದೆ.

ಬಳಕೆಯಲ್ಲಿರುವ ತಂತ್ರಾಂಶಗಳು

ವಿಂಡೋಸ್‌ನಲ್ಲಿ ಹೊರಗಿನಿಂದ ಏನನ್ನೂ ಹಾಕಿಕೊಳ್ಳದೆ ಸಿಗುವುದು ರೋಬೊಕಾಪಿ. ಮೊದಲು ವಿಂಡೋಸ್ ಎನ್‌ಟಿಯ ಆಡಳಿತಗಾರರಿಗೆ ಕೊಡುತ್ತಿದ್ದ ಸಲಕರಣೆ ಪೆಟ್ಟಿಗೆಯಲ್ಲಿತ್ತು, ವಿಸ್ಟಾದಿಂದೀಚೆಗೆ ಎಲ್ಲ ಕಂಪ್ಯೂಟರುಗಳಲ್ಲೂ ಇದೆ. ಎಂಐಆರ್ ಆಯ್ಕೆ ಮಿರರ್ ಮಾಡುತ್ತದೆ, ಎಲ್ ಆಯ್ಕೆ ಏನು ಮಾಡುವೆನೆಂಬ ಪಟ್ಟಿಯನ್ನಷ್ಟೇ ಕೊಡುತ್ತದೆ. ಕಪ್ಪು ಪರದೆಯ ಹೆದರಿಕೆಯಿರುವವರಿಗೆ ಫ್ರೀಫೈಲ್‌ಸಿಂಕ್ ಅನುಕೂಲ. 2008ರಲ್ಲಿ ಬಂದ ಈ ಮುಕ್ತ ತಂತ್ರಾಂಶ ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರರಲ್ಲೂ ನಡೆಯುತ್ತದೆ. ಹೋಲಿಸಿ, ನಡುವಿನ ಅಂಕಣದಲ್ಲಿ ಬಾಣಗಳನ್ನು ತೋರಿಸಿ, ಒಪ್ಪಿಗೆ ಕೊಟ್ಟ ಮೇಲೆಯೇ ಕೆಲಸಕ್ಕಿಳಿಯುತ್ತದೆ. ವಿನ್‌ಮರ್ಜ್ ವಿಂಡೋಸ್‌ಗೆ, ಮೆಲ್ಡ್ ಮುಖ್ಯವಾಗಿ ಲಿನಕ್ಸ್‌ಗೆ. ಇವು ಸಿಂಕ್‌ಗಿಂತ ಹೋಲಿಕೆಯಲ್ಲಿ ಬಲವಾದವು. ಹಣ ಕೊಟ್ಟು ಕೊಳ್ಳುವವರಲ್ಲಿ ಬಿಯಾಂಡ್ ಕಂಪೇರ್‌ಗೆ ಒಳ್ಳೆಯ ಹೆಸರಿದೆ. ಮೈಕ್ರೋಸಾಫ್ಟ್ 2005ರಲ್ಲಿ ಉಚಿತವಾಗಿ ಕೊಟ್ಟ ಸಿಂಕ್‌ಟಾಯ್ ಅನ್ನು ನೆನೆಸಿಕೊಳ್ಳುವವರು ಈಗಲೂ ಇದ್ದಾರೆ.

2008ರಲ್ಲಿ ಸಾರ್ವಜನಿಕರಿಗೆ ತೆರೆದುಕೊಂಡ ಡ್ರಾಪ್‌ಬಾಕ್ಸ್, ಮತ್ತು 2012ರ ಗೂಗಲ್ ಡ್ರೈವ್, ಸಿಂಕ್ ಎಂಬುದನ್ನು ಹಿನ್ನೆಲೆಯಲ್ಲಿ ತಾನಾಗಿ ನಡೆಯುವ ಕೆಲಸವನ್ನಾಗಿ ಮಾಡಿದವು. ಅನುಕೂಲವೇನೋ ನಿಜ. ಬಾಣಗಳನ್ನು ನೋಡುವ ಅವಕಾಶ ಮಾತ್ರ ಹೋಯಿತು. ಹೆಸರಷ್ಟೇ ಡಿಸ್ಕಿನಲ್ಲಿದ್ದು ಒಳಗಿನದು ದೂರದ ಸರ್ವರಿನಲ್ಲಿರುವ ಕಡತಗಳ ಪದ್ಧತಿಯನ್ನು ಒನ್‌ಡ್ರೈವ್ 2017ರಲ್ಲಿ ತಂದಿತು. ಅಂಥ ಫೋಲ್ಡರನ್ನು ಬೈಟ್ ಬೈಟ್ ಹೋಲಿಸಹೊರಟರೆ ಎಲ್ಲವೂ ಇಳಿದುಬಂದು ಡೇಟಾ ಪ್ಯಾಕ್ ಖಾಲಿಯಾಗುತ್ತದೆ. ಯಾರ ಸರ್ವರೂ ಬೇಡ, ನಮ್ಮ ಯಂತ್ರಗಳೇ ನೇರ ಮಾತಾಡಿಕೊಳ್ಳಲಿ ಎನ್ನುವವರಿಗೆ ಯಾಕೊಬ್ ಬೋರ್ಗ್ 2013ರಲ್ಲಿ ಆರಂಭಿಸಿದ ಸಿಂಕ್‌ಥಿಂಗ್ ಇದೆ.

ಯಾವುದನ್ನು ಬಳಸಿದರೂ ಒಂದು ಎಚ್ಚರ ಬೇಕು. ತೆರೆದಿರುವ ಕಡತಗಳ ನಕಲನ್ನು ನಂಬಬಾರದು. ಬೆಂಗಳೂರಿನ ಟ್ಯಾಲಿ ಸಲ್ಯೂಷನ್ಸ್‌ನ ಲೆಕ್ಕಪತ್ರದ ತಂತ್ರಾಂಶ ಟ್ಯಾಲಿಯಲ್ಲಿ ಒಂದು ಅಂಗಡಿಯ ಲೆಕ್ಕ ಸಂಖ್ಯೆಯೇ ಹೆಸರಾಗಿರುವ ಫೋಲ್ಡರಿನೊಳಗೆ ಹಲವು ಕಡತಗಳಾಗಿ ಕೂರುತ್ತದೆ. ಆ ಕಡತಗಳೆಲ್ಲ ಸೇರಿಯೇ ಅರ್ಥ. ಬಿಲ್ ಹಾಕುತ್ತಿರುವಾಗಲೇ ಸಿಂಕ್ ಓಡಿದರೆ ಅರ್ಧ ಕಡತಗಳು ಬಿಲ್‌ಗೆ ಮೊದಲಿನವು, ಅರ್ಧ ಆಮೇಲಿನವು ಎಂಬಂತಾಗಬಹುದು. ಯಾವುದೇ ಡೇಟಾಬೇಸ್‌ಗೂ ಇದು ಅನ್ವಯಿಸುತ್ತದೆ. ತಂತ್ರಾಂಶ ಮುಚ್ಚಿ ನಕಲಿಸಬೇಕು, ಇಲ್ಲವೇ ಅದರಲ್ಲೇ ಇರುವ ಬ್ಯಾಕಪ್ ಸೌಲಭ್ಯ ಬಳಸಬೇಕು.

ಸಿಂಕ್ ಮತ್ತು ಬ್ಯಾಕಪ್

ಎರಡು ಡಿಸ್ಕಿನಲ್ಲಿ ಒಂದೇ ಕಡತವಿದ್ದರೆ ಒಂದು ಕೆಟ್ಟಾಗ ಇನ್ನೊಂದು ಉಳಿಯುತ್ತದೆ. ಇಷ್ಟರ ಮಟ್ಟಿಗೆ ಸಿಂಕ್ ಕಾಪಾಡುತ್ತದೆ, ಅದರಾಚೆಗೆ ಇಲ್ಲ. ಕೈತಪ್ಪಿ ಅಳಿಸಿದ್ದನ್ನು ಅದು ನಿಷ್ಠೆಯಿಂದ ಆಚೆಯೂ ಅಳಿಸುತ್ತದೆ. 2017ರ ಮೇ ತಿಂಗಳಲ್ಲಿ ಹರಡಿದ ವಾನಾಕ್ರೈನಂಥ ಸುಲಿಗೆ ತಂತ್ರಾಂಶ ಕಡತಗಳಿಗೆ ಬೀಗ ಹಾಕಿದರೆ, ಸಿಂಕ್‌ನ ಕಣ್ಣಿಗೆ ಅವು ಈಗಷ್ಟೇ ಬದಲಾದ ಹೊಸ ಕಡತಗಳು. ಹಳೆಯ ಒಳ್ಳೆಯ ಪ್ರತಿಗಳ ಮೇಲೆ ಅವನ್ನು ಬರೆಯಲು ಅದು ಹಿಂದೆಮುಂದೆ ನೋಡುವುದಿಲ್ಲ. ಬದಲಾದ, ಅಳಿದ ಕಡತಗಳ ಹಳೆಯ ಆವೃತ್ತಿಗಳನ್ನು ಬೇರೆ ಫೋಲ್ಡರಿಗೆ ಎತ್ತಿಡುವ ಆಯ್ಕೆ ಫ್ರೀಫೈಲ್‌ಸಿಂಕ್‌ನಲ್ಲೂ ಸಿಂಕ್‌ಥಿಂಗ್‌ನಲ್ಲೂ ಇದೆ. ಅದನ್ನು ಮೊದಲ ದಿನವೇ ಚಾಲೂ ಮಾಡಿಟ್ಟುಕೊಳ್ಳಬೇಕು. ಮೂರು ಪ್ರತಿ, ಎರಡು ಬಗೆಯ ಮಾಧ್ಯಮ, ಒಂದು ಪ್ರತಿ ಮನೆಯಿಂದ ಹೊರಗೆ ಎಂಬ ಸೂತ್ರವನ್ನು ಅಮೆರಿಕದ ಛಾಯಾಗ್ರಾಹಕ ಪೀಟರ್ ಕ್ರೋ ಜನಪ್ರಿಯಗೊಳಿಸಿದರು. ಸದಾ ಸಿಕ್ಕಿಸಿಕೊಂಡೇ ಇರುವ ಡಿಸ್ಕ್ ಆ ಲೆಕ್ಕದಲ್ಲಿ ಹೊರಗಿನ ಪ್ರತಿಯಾಗುವುದಿಲ್ಲ.

ಹೊಸದಾಗಿ ಶುರುಮಾಡುವವರು ನಿಜವಾದ ಕಡತಗಳ ಮೇಲೆ ಕೈಹಾಕುವ ಮುನ್ನ ನಾಲ್ಕು ಕಡತಗಳ ಎರಡು ಪುಟ್ಟ ಫೋಲ್ಡರುಗಳನ್ನು ಮಾಡಿಕೊಂಡು ಸೇರಿಸುವುದು, ತಿದ್ದುವುದು, ಅಳಿಸುವುದು ಎಲ್ಲವನ್ನೂ ಪರೀಕ್ಷಿಸಿ ನೋಡುವುದು ಒಳ್ಳೆಯದು. ಆಮೇಲೂ ಪ್ರತಿ ಸಲ ಪಟ್ಟಿ ಬಂದಾಗ ಅಳಿಸಲಿರುವ ಕಡತಗಳ ಸಂಖ್ಯೆಯನ್ನು ಓದಿ. ನೀವು ಅಳಿಸಿದ್ದು ಐದು, ಅದು ಐದು ಸಾವಿರ ಎಂದರೆ ಒಪ್ಪಿಗೆ ಕೊಡಬೇಡಿ.